ಆ 15 ಮೀಟರ್
ಆಸ್ಟ್ರೇಲಿಯನ್ ಫುಟ್‌ಬಾಲ್ ಆಟಗಾರ ಜಿಮ್ ಸ್ಟೈನ್ಸ್ ಬಗ್ಗೆ ನೀವು ಲೇಖನ ಬರೆದಿದ್ದು ಖುಷಿ ಆಯ್ತು ಸರ್. ಆದರೆ ಲೇಖನ ಪೂರ್ತಿ 1991ರ ಬ್ರೌನ್‌ಲೋ ಪದಕದ (ಲೀಗ್‌ನ ವರ್ಷದ ಶ್ರೇಷ್ಠ ಆಟಗಾರನಿಗೆ ಕೊಡೋದು) ಸುತ್ತಲೇ ಗಿರಕಿ ಹೊಡೆದು, ಗೆದ್ದವರು ಅಂತಿಮ ಪಂದ್ಯಕ್ಕೆ (ಗ್ರ್ಯಾಂಡ್ ಫೈನಲ್) ಹೋಗುವ 1987ರ ಪ್ರಿಲಿಮಿನರಿ ಫೈನಲ್‌ ಅನ್ನು ಒಂದೇ ಸಾಲಿನಲ್ಲಿ ಮುಗಿಸಿಬಿಟ್ಟಿದೆ. ಅಸಲಿ ಕತೆ ಇರೋದೇ ಅಲ್ಲಿ!

ಕೊನೇ ಗಳಿಗೆ. 1964ರ ನಂತರ ಗ್ರ್ಯಾಂಡ್ ಫೈನಲ್ ಮುಖವನ್ನೇ ಕಾಣದ ಮೆಲ್ಬರ್ನ್ ಕ್ಲಬ್, ಅಂದರೆ ಸ್ಟೈನ್ಸ್ ತಂಡ, ಮುಂದಿದೆ. ಚೆಂಡು ಎದುರಾಳಿ ಹಾಥಾರ್ನ್‌ನ ಗ್ಯಾರಿ ಬಕನಾರಾ ಕೈಯಲ್ಲಿ, ಗೋಲು ಇನ್ನೂ ದೂರ. ಕಿಕ್ ಹೊಡೆಯಲು ನಿಂತವನ ಮುಂದೆ ಅಡ್ಡ ಹಾಯಬಾರದು ಅನ್ನೋದು ಈ ಆಟದ ನಿಯಮ. ಡಬ್ಲಿನ್‌ನಲ್ಲಿ ದುಂಡು ಚೆಂಡಿನ ಗೇಲಿಕ್ ಫುಟ್‌ಬಾಲ್ ಆಡಿಕೊಂಡು ಬೆಳೆದ 21ರ ಹುಡುಗ ಸ್ಟೈನ್ಸ್ ಅಡ್ಡ ಓಡಿಯೇಬಿಟ್ಟ. 15 ಮೀಟರ್ ದಂಡ, ಅಂದರೆ ಬಕನಾರಾ ಗೋಲಿಗೆ ಅಷ್ಟು ಹತ್ತಿರವಾದ. ಪಂದ್ಯ ಮುಗಿಸುವ ಸೈರನ್ ಆದ ಮೇಲೆ ಗೋಲು, ಎರಡೇ ಪಾಯಿಂಟ್‌ನಲ್ಲಿ ಸೋಲು. ಬೇರೆಯವರಾಗಿದ್ದರೆ ಮುಖ ಮುಚ್ಚಿಕೊಂಡು ಊರಿಗೆ ವಿಮಾನ ಹತ್ತುತ್ತಿದ್ದರು (ನಾನಂತೂ ಖಂಡಿತ). ಈತ ನಾಲ್ಕೇ ವರ್ಷಕ್ಕೆ ಬ್ರೌನ್‌ಲೋ ಗೆದ್ದ. 2008ರಲ್ಲಿ ಸಾಲದಲ್ಲಿದ್ದ ಅದೇ ಕ್ಲಬ್ಬಿನ ಅಧ್ಯಕ್ಷನೂ ಆದ.

ಅಂದಹಾಗೆ, ಒಟ್ಟು 244 ಪಂದ್ಯ ಅಂತ ಬರೆದಿದ್ದೀರಿ. ಒಟ್ಟು 264. ಒಂದನ್ನೂ ತಪ್ಪಿಸದೆ ಸತತವಾಗಿ ಆಡಿದ್ದು 244. ದಯವಿಟ್ಟು ತಿದ್ದಿ.