ಗೊಂಬೆ ಕುಣಿಸೋಕೆ ಇಷ್ಟು ದುಡ್ಡಾ?

ಹೋದ ದೀಪಾವಳಿಗೆ ನಮ್ಮ ಅಪಾರ್ಟ್‌ಮೆಂಟಿನಲ್ಲಿ ಗೊಂಬೆಯಾಟ ಮಾಡಿಸೋಣ ಅಂದೆ. ಖರ್ಚು ಎಷ್ಟಾಗುತ್ತೆ ಅಂತ ಹೇಳಿದ್ದೇ ತಡ, ಕಮಿಟಿಯವರೊಬ್ಬರು "ಗೊಂಬೆ ಕುಣಿಸೋಕೆ ಇಷ್ಟು ದುಡ್ಡಾ?" ಅಂದುಬಿಟ್ಟರು. ಕೊನೆಗೆ ಡಿಜೆ ಬಂತು. ಅದರ ಖರ್ಚಿನ ಬಗ್ಗೆ ಯಾರೂ ತುಟಿ ಬಿಚ್ಚಲಿಲ್ಲ. ಆ ಮಾತು ಇವತ್ತಿಗೂ ಕೊರೆಯುತ್ತಿದೆ, ಅದಕ್ಕೇ ಬರೆಯುತ್ತಿದ್ದೇನೆ.

ನಮ್ಮಮ್ಮನ ಊರು ಕುಂದಾಪುರದ ಕಡೆ. ಅಲ್ಲೇ ಹತ್ತಿರದಲ್ಲಿದೆ ಉಪ್ಪಿನಕುದ್ರು. ಕುದ್ರು ಅಂದರೆ ಹೊಳೆ ನಡುವಿನ ದ್ವೀಪ. ಅಲ್ಲಿನ ಕಾಮತರ ಮನೆತನ ತಲೆತಲಾಂತರದಿಂದ ಸೂತ್ರದ ಗೊಂಬೆ ಆಡಿಸಿಕೊಂಡು ಬಂದಿದೆ. ದೇವಣ್ಣ ಕಾಮತರು, ಅವರ ಮಗ ಕೊಗ್ಗ ಕಾಮತರು, ಈಗ ಮೊಮ್ಮಗ ಭಾಸ್ಕರ ಕೊಗ್ಗ ಕಾಮತರು. 1980ರಲ್ಲಿ ಕೊಗ್ಗ ಕಾಮತರಿಗೆ ಕೇಂದ್ರ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ ಬಂತು. ಅಂಥವರನ್ನೂ ನಾವು "ಕಲೆ ಉಳಿಸಿದವರು" ಅಂತ ಹೊಗಳಿ, ಶಾಲು ಹೊದಿಸಿ ಮುಗಿಸಿಬಿಡುತ್ತೇವೆ. ನಿರ್ದೇಶಕರು ಅಂತ ಯಾಕೆ ಕರೆಯಲ್ಲ?

ಚಿಕ್ಕವಳಿದ್ದಾಗ ಅವರ ಮೇಳದ ಲಂಕಾದಹನ ನೋಡಿದ್ದೆ. ಒಂದೂವರೆ ಅಡಿಯ ಮರದ ಗೊಂಬೆಗೆ ಬಡಗುತಿಟ್ಟಿನ, ಅಂದರೆ ಯಕ್ಷಗಾನದ ಉತ್ತರದ ಶೈಲಿಯ, ಪೂರಾ ವೇಷ, ಕಿರೀಟ, ಕೇದಗೆ ಮುಂದಲೆ ಅನ್ನೋ ತಲೆಯ ಅಲಂಕಾರ ಎಲ್ಲ. ಚೆಂಡೆ ಪೆಟ್ಟು ಬೀಳುವುದಕ್ಕೂ ಗೊಂಬೆಯ ಕಾಲು ನೆಲಕ್ಕೆ ತಾಗುವುದಕ್ಕೂ ಒಂದು ಕೂದಲೆಳೆ ವ್ಯತ್ಯಾಸ ಇರಲಿಲ್ಲ. ಸುಮ್ನೆ ಯೋಚಿಸಿ, ಮನುಷ್ಯ ವೇಷಧಾರಿಗೆ ತಾಳ ಮೈಯಲ್ಲೇ ಇರುತ್ತೆ, ಇಲ್ಲಿ ಅದು ಮೇಲೆ ನಿಂತವರ ಬೆರಳಿನಿಂದ ಹೊರಟು ನೂಲಲ್ಲಿ ಇಳಿದು ಮರದ ಕಾಲಿಗೆ ಬರಬೇಕು, ಅದೂ ತಡವಾಗದೆ. ನಮ್ಮಲ್ಲೇ ಇನ್ನೊಂದು ಪದ್ಧತಿ ಇದೆ, ಸೂತ್ರ ಸಲಾಕೆ. ಅದರಲ್ಲಿ ಕಂಬಿಯ ಆಸರೆಯೂ ಇರುತ್ತೆ. ಉಪ್ಪಿನಕುದ್ರಿನವರಿಗೆ ನೂಲೊಂದೇ ಗತಿ.

ಇದು ಬರೀ ಕೈಚಳಕ ಅಲ್ಲ ಅಲ್ವಾ? ರಾತ್ರಿಯಿಡೀ ನಡೆಯುವ ಯಕ್ಷಗಾನ ಪ್ರಸಂಗವನ್ನು ಒಂದೆರಡು ಗಂಟೆಗೆ ಇಳಿಸುವಾಗ ಯಾವ ಪದ್ಯ ಇರಬೇಕು, ಯಾವುದು ಬೇಡ ಅಂತ ಒಬ್ಬರು ಕೂತು ತೀರ್ಮಾನ ಮಾಡಬೇಕು. ಗೊಂಬೆಯ ಮುಖದಲ್ಲಿ ಭಾವ ಬದಲಾಗುವುದಿಲ್ಲ. ಹಾಗಾಗಿ ಸೀತೆ ಅಳುವುದು ತಲೆ ಎಷ್ಟು ಬಗ್ಗಿತು ಅನ್ನುವುದರಲ್ಲೇ ಗೊತ್ತಾಗಬೇಕು. ಹಾಡುವ ಭಾಗವತರು, ಮದ್ದಳೆ, ಚೆಂಡೆ, ಪಾತ್ರದ ಮಾತು ಅಂದರೆ ಅರ್ಥ ಹೇಳುವವರು, ಗೊಂಬೆ ಆಡಿಸುವವರು, ಇವರನ್ನೆಲ್ಲ ಹೊಂದಿಸಬೇಕು. ಬಟ್ಟೆ ಹರಿದರೆ ಹೊಲಿಸಬೇಕು. ಮೇಳದವರ ಸಂಬಳ, ಗಾಡಿ ಬಾಡಿಗೆ, ಊಟದ ಜವಾಬ್ದಾರಿಯೂ ಯಜಮಾನರದ್ದೇ. ಸಿನಿಮಾದಲ್ಲಿ ಇಷ್ಟು ಕೆಲಸಕ್ಕೆ ಹತ್ತು ಹೆಸರು ತೆರೆ ಮೇಲೆ ಬರುತ್ತೆ.

2024ರಲ್ಲಿ ಬೆಂಗಳೂರಿನ ಗೊಂಬೆಯಾಟದ ಕಲಾವಿದೆ ಅನುಪಮಾ ಹೊಸಕೆರೆ ಅವರಿಗೆ ಪದ್ಮಶ್ರೀ ಬಂದಾಗ ತುಂಬಾ ಖುಷಿಯಾಯಿತು. ಆದರೆ ಮೇಳ ನಡೆಯುವುದು ಆಟಕ್ಕೆ ಕರೆ ಬಂದರೆ ಮಾತ್ರ.

ಈ ಸಲದ ಕಮಿಟಿ ಮೀಟಿಂಗಿಗೆ ನಾನು ಮೊದಲೇ ಹೋಗಿ ಕೂರುತ್ತೇನೆ. ಆ ಅಂಕಲ್ ಮತ್ತೆ ಅದೇ ಪ್ರಶ್ನೆ ಕೇಳಿದರೆ, ಸೀತೆಯ ತಲೆ ಬಗ್ಗಿಸುವುದರಿಂದಲೇ ಶುರು ಮಾಡುತ್ತೇನೆ.