ದುರ್ಯೋಧನನ ಕಚ್ಚೆ

ನಾಟಕದ ಕರಪತ್ರದಲ್ಲಿ ‘ವಸ್ತ್ರವಿನ್ಯಾಸ’ ಅಂತ ಹೆಸರಿರುವವರು ಪ್ರದರ್ಶನದ ಹೊತ್ತಿಗೆ ಎಲ್ಲಿರುತ್ತಾರೆ ಗೊತ್ತೇ? ರಂಗದ ಪಕ್ಕದ ಮರೆಯಲ್ಲಿ, ಅಂದರೆ ಸೈಡ್‌ವಿಂಗಿನ ಕತ್ತಲಲ್ಲಿ, ಬಾಯಲ್ಲಿ ನಾಲ್ಕು ಪಿನ್ನು ಕಚ್ಚಿಕೊಂಡು, ಯಾವನೋ ಚಕ್ರವರ್ತಿಯ ಸೊಂಟ ಹಿಡಿದುಕೊಂಡು.

ಈ ವಿದ್ಯೆ ಕಲಿಸುವ ಜಾಗಗಳು ಇಲ್ಲವೆಂದಲ್ಲ. ದಿಲ್ಲಿಯ ರಾಷ್ಟ್ರೀಯ ನಾಟಕ ಶಾಲೆ, ಅಂದರೆ ಎನ್‌ಎಸ್‌ಡಿಯಲ್ಲಿ ಮೂರು ವರ್ಷ. ಹೆಗ್ಗೋಡಿನಲ್ಲಿ 1980ರಿಂದ ನೀನಾಸಂ ರಂಗಶಿಕ್ಷಣ ಕೇಂದ್ರ ಇದೆ. ವಸ್ತ್ರವಿನ್ಯಾಸಕ್ಕೆ ಹೆಸರಾದ ಪ್ರೇಮಾ ಕಾರಂತರು ಎನ್‌ಎಸ್‌ಡಿಯಲ್ಲಿ ಕಲಿತು ಬಂದವರು. ಹವ್ಯಾಸಿ ತಂಡಗಳ ನೇಮಕಾತಿ ಮಾತ್ರ ಬೇರೆ ಥರ. ಮನೆಯಲ್ಲಿ ಹೊಲಿಗೆ ಮಿಷನ್ ಇದೆ ಅಂತ ಯಾರು ಬಾಯಿ ಬಿಡುತ್ತಾರೋ ಅವರೇ ವಿನ್ಯಾಸಕರು. ಬಜೆಟ್ಟು? ಹಾಲ್ ಬಾಡಿಗೆ, ಸೆಟ್ಟು, ಲೈಟು ಎಲ್ಲ ಮುಗಿದ ಮೇಲೆ ಉಳಿದದ್ದು. ಉಳಿದಿದ್ದರೆ.

ಅನಾಹುತ ಅಳತೆಯಿಂದಲೇ ಶುರು. “ಅಳತೆ ವಾಟ್ಸಾಪ್ ಮಾಡ್ತೀನಿ ಮೇಡಂ” ಅನ್ನುವ ನಟ ಕಳಿಸುವುದು ತನ್ನ ಮದುವೆ ಕಾಲದ ಸೊಂಟ. ಟೇಪು ನಾವೇ ಹಿಡಿಯಬೇಕು. ಎದೆಯ ಸುತ್ತಳತೆ ಉಸಿರು ತುಂಬಿಕೊಂಡಾಗ ಒಂದು, ಬಿಟ್ಟಾಗ ಒಂದು. ಸೊಂಟ ನಿಂತಾಗ ಒಂದು, ಚಕ್ಕಳಮಕ್ಕಳ ಕೂತಾಗ ಇನ್ನೊಂದು. ಎರಡಕ್ಕೂ ಎರಡಿಂಚು ವ್ಯತ್ಯಾಸ ಬಂದರೆ ಗಾಬರಿ ಬೇಡ, ದೊಡ್ಡದನ್ನೇ ಬರೆದುಕೊಳ್ಳಿ. ಪಕ್ಕದ ಹೊಲಿಗೆಯಲ್ಲಿ ಒಂದೂವರೆ ಇಂಚು ಬಟ್ಟೆ ಒಳಗೆ ಬಿಟ್ಟಿರಿ. ಪ್ರದರ್ಶನಕ್ಕೆ ನಾಲ್ಕು ದಿನ ಇರುವಾಗ ಸಣಕಲು ಕರ್ಣನಿಗೆ ಆಫೀಸಿನಲ್ಲಿ ರಜೆ ಸಿಗದೆ, ಅವನ ಜಾಗಕ್ಕೆ ಡೊಳ್ಳು ಹೊಟ್ಟೆಯ ಕರ್ಣ ಬರುವುದು ಮಾಮೂಲು.

ಭೀಮ ಗದೆ ಎತ್ತಿದಾಗ ಕಂಕುಳು ಹರಿಯುವುದೂ ಅಳತೆಯ ಮಹಿಮೆಯೇ. ಅಳತೆ ಕೊಡುವಾಗ ಎಲ್ಲರೂ ಕೈ ಇಳಿಬಿಟ್ಟು ಸಭ್ಯರಾಗಿ ನಿಂತಿರುತ್ತಾರೆ. ಕಂಕುಳಲ್ಲಿ ನಾಲ್ಕಿಂಚಿನ ಚೌಕದ ತುಂಡೊಂದನ್ನು ಮೂಲೆ ತಿರುಗಿಸಿ ಕೂಡಿಸಿದರೆ ಅವನು ಗದೆಯನ್ನಲ್ಲ, ದುಶ್ಶಾಸನನನ್ನೇ ಎತ್ತಬಹುದು.

ಇನ್ನು ಕಚ್ಚೆ. ಪೌರಾಣಿಕ ನಾಟಕದ ಮಾನ ಮರ್ಯಾದೆ ಎಲ್ಲ ನಿಂತಿರುವುದು ಅದರ ಮೇಲೆ. ಪಳಪಳ ಹೊಳೆಯುತ್ತದೆ ಅಂತ ಪಾಲಿಯೆಸ್ಟರ್ ಪಂಚೆ ತಂದರೆ ಎರಡನೇ ಅಂಕದಲ್ಲಿ ಜಾರುತ್ತದೆ. ಹತ್ತಿ ಬಟ್ಟೆ ಮೈ ಹಿಡಿದು ಕೂರುತ್ತದೆ. ಉಡಿಸುವ ಕಲೆ ಗೊತ್ತಿದ್ದವರು ಇಲ್ಲದಿದ್ದರೆ ಹೊಲಿದ ಕಚ್ಚೆಯೇ ಕ್ಷೇಮ. ಎರಡಿಂಚಿನ ಸೊಂಟಪಟ್ಟಿ, ಅದಕ್ಕೆ ಮುಂದಿನ ನೆರಿಗೆ ಸೇರಿಸಿ ಹೊಲಿಗೆ, ಹಿಂದಿನ ತುದಿಗೆ ದಪ್ಪ ಹುಕ್ಕು. ಲಾಡಿ ಹತ್ತಿಯದೇ ಇರಲಿ, ನೈಲಾನ್ ಗಂಟು ತಾನಾಗಿ ಬಿಚ್ಚಿಕೊಳ್ಳುತ್ತದೆ. ಲಾಡಿಯ ನಡುಭಾಗವನ್ನು ಬೆನ್ನಿನ ಕಡೆ ಪಟ್ಟಿಗೆ ಹೊಲಿದುಬಿಡಿ. ಇಲ್ಲದಿದ್ದರೆ ಆತುರದಲ್ಲಿ ಒಂದು ತುದಿ ಜಗ್ಗಿ, ಇಡೀ ಲಾಡಿ ಕೈಗೆ ಬಂದು, ಕುರುಕುಲ ಸಾರ್ವಭೌಮ ಬಾಚಣಿಗೆಯಿಂದ ಅದನ್ನು ಪೋಣಿಸುತ್ತ ಕೂತಿರುತ್ತಾನೆ. ಪಿನ್ನು ಹಾಕುವುದಾದರೆ ಎಳೆತಕ್ಕೆ ಅಡ್ಡವಾಗಿ. ಉದ್ದುದ್ದಕ್ಕೆ ಹಾಕಿದ ಪಿನ್ನು ಸರಿಯಾಗಿ “ಎಲವೋ ಪಾಂಡವಾ” ಅನ್ನುವಾಗ ಬಾಯಿ ತೆರೆಯುತ್ತದೆ, ಮತ್ತು ಚುಚ್ಚುವುದು ಪಾಂಡವನಿಗಲ್ಲ. ಒಳಗೆ ಕಪ್ಪೋ ಕಂದೋ ಬಣ್ಣದ ಚಡ್ಡಿ ಕಡ್ಡಾಯ. ಹೂವಿನ ಚಿತ್ತಾರದ ಬರ್ಮುಡಾ ಹಾಕಿಕೊಂಡು ಮೇಲೆ ಬಿಳಿ ಪಂಚೆ ಉಡುವ ಋಷಿಗಳು ಪ್ರತಿ ತಂಡದಲ್ಲೂ ಒಬ್ಬರಾದರೂ ಇರುತ್ತಾರೆ.

ಬಿಳಿ ಅಂದಾಗ ನೆನಪಾಯಿತು: ಅಂಗಡಿಯ ಅಚ್ಚಬಿಳಿ ರಂಗದ ಮೇಲೆ ಟ್ಯೂಬ್‌ಲೈಟಿನಂತೆ ಕಣ್ಣಿಗೆ ಹೊಡೆಯುತ್ತದೆ, ನಟನ ಮುಖವೇ ಕಾಣುವುದಿಲ್ಲ. ಐದು ಲೀಟರ್ ಕುದಿಯುವ ನೀರಿಗೆ ಎರಡು ಹಿಡಿ ಚಹಾಪುಡಿ ಹಾಕಿ, ಸೋಸಿ, ಪಂಚೆಯನ್ನು ಮೊದಲೇ ನೆನೆಸಿಕೊಂಡು ಹತ್ತು ನಿಮಿಷ ಅದ್ದಬೇಕು. ಒಣ ಬಟ್ಟೆ ಅದ್ದಿದರೆ ಮಚ್ಚೆ ಮಚ್ಚೆಯಾಗುತ್ತದೆ. ಒದ್ದೆಯಲ್ಲಿ ಕಂಡಷ್ಟು ಗಾಢ ಬಣ್ಣ ಒಣಗಿದ ಮೇಲೆ ಇರದು. ಪಾಲಿಯೆಸ್ಟರಿಗೆ ಚಹಾ ಸರಿಯಾಗಿ ಹತ್ತುವುದೂ ಇಲ್ಲ; ಆ ಚಹಾ ಕುಡಿದಿದ್ದರೂ ಆಗುತ್ತಿತ್ತು. ಇನ್ನೂ ನೀರು ಕಾಣದ ಕೋರಾ ಬಟ್ಟೆಯನ್ನಂತೂ ಕತ್ತರಿಸುವ ಮುನ್ನ ರಾತ್ರಿಯಿಡೀ ನೆನೆಸಿ ಒಣಗಿಸಲೇಬೇಕು. ಮೀಟರಿಗೆ ಎರಡಿಂಚು ಕುಗ್ಗಿದರೆ ಒಂದು ಒಗೆತಕ್ಕೇ ರಾಜನ ನಿಲುವಂಗಿ ರಾಜಕುಮಾರನಿಗೆ ಸರಿಹೋಗುತ್ತದೆ.

ಚಿಕ್ಕಪೇಟೆಯಲ್ಲಿ ಅರ್ಧ ದಿನ ಅಲೆದು ಆರಿಸಿ ತಂದ ಹಸಿರು ರೇಷ್ಮೆಗೆ ಬೆಳಕಿನವರು ದೀಪದ ಮುಂದೆ ಕೆಂಪು ಜೆಲ್ (ಬಣ್ಣದ ಪಾರದರ್ಶಕ ಹಾಳೆ) ಹಾಕಿದರೆ ಅದು ಕಪ್ಪು. ನೀಲಿ ಸೀರೆಗೆ ಆಂಬರ್, ಅಂದರೆ ಕಿತ್ತಳೆ ಹಳದಿ ಬೆಳಕು ಬಿದ್ದರೆ ಬೂದಿ. ಜಗಳ ಆಡಿ ಪ್ರಯೋಜನವಿಲ್ಲ, ಬೆಳಕಿಗೆ ಕಣ್ಣಿಲ್ಲ. ಬಟ್ಟೆ ಕೊಳ್ಳುವ ಮೊದಲೇ ಕಾಲು ಮೀಟರ್ ತುಂಡು ತಂದು ಅವರದೇ ಲೈಟಿನಡಿ ಹಿಡಿದು ನೋಡಿಬಿಡಿ.

ವೇಷ ಬದಲಿಸಲು ನಲವತ್ತು ಸೆಕೆಂಡು ಕೊಟ್ಟ ನಿರ್ದೇಶಕರಿಗೆ ವೆಲ್ಕ್ರೋ ಎಂದರೆ ಬಲು ಪ್ರೀತಿ. ಸಾವಿನ ದೃಶ್ಯದ ಮೌನದಲ್ಲಿ ವಿಂಗಿನಿಂದ ‘ಪರ್ರ್’ ಅಂತ ಸದ್ದು ಬಂದಾಗ ಮೂರನೇ ಸಾಲು ಏನೆಂದುಕೊಳ್ಳುತ್ತದೆ ಅಂತ ಬಿಡಿಸಿ ಹೇಳಬೇಕಿಲ್ಲ. ದೊಡ್ಡ ಟಿಚ್ ಬಟನ್ ಹಾಕಿ. ಕೊನೆಗೆ ತೊಡುವುದು ಅಡಿಯಲ್ಲಿ, ಮೊದಲು ತೊಡುವುದು ಮೇಲೆ ಬರುವಂತೆ ಜೋಡಿಸಿಡಿ. ಸಹಾಯಕ್ಕೆ ಇಬ್ಬರು ಸಾಕು. ಮೂರನೆಯವರು ಬಂದರೆ ನಟನ ಒಂದೇ ತೋಳಿಗೆ ಎರಡು ಅಂಗಿ.

ಪರದೆ ಬಿದ್ದ ಮೇಲಿನ ಕತೆಯೂ ಇದೆ. ಕಿರೀಟ ವಾಪಸು ಬರುತ್ತದೆ, ಯಾಕೆಂದರೆ ಅದು ಭಾರ. ಸೊಂಟಪಟ್ಟಿ, ಗೆಜ್ಜೆ, ಉತ್ತರೀಯ ಬರುವುದಿಲ್ಲ. ಉತ್ತರೀಯದಲ್ಲಿ ಬಣ್ಣ ಒರೆಸಿಕೊಂಡು ಯಾರೋ ಬ್ಯಾಗಿಗೆ ತುರುಕಿರುತ್ತಾರೆ. ಇದಕ್ಕೆ ಫಲ ಕೊಡುವ ಉಪಾಯ ಒಂದೇ: ಪಾತ್ರವಾರು ಪಟ್ಟಿ ಹಿಡಿದು ಬಾಗಿಲಲ್ಲಿ ನಿಲ್ಲಿ, ಒಂದೊಂದಕ್ಕೂ ಟಿಕ್ ಹಾಕಿಸಿಕೊಳ್ಳಿ, ಆಮೇಲೆ ಊಟದ ಪೊಟ್ಟಣ ಕೊಡಿ. ಧರ್ಮರಾಯನಿಗೂ ರಿಯಾಯಿತಿ ಬೇಡ.