ತೀರ್ಪು ಅರ್ಜಿದಾರರಿಗೆ ಮಾತ್ರವೇ?

ಉಪನ್ಯಾಸಕರ ಸ್ಥಾನೀಕರಣದ, ಅಂದರೆ ನಿಗದಿತ ಸೇವೆ ಮುಗಿಸಿದವರನ್ನು ಮೇಲಿನ ವೇತನ ಶ್ರೇಣಿಗೆ ಏರಿಸುವ ಪ್ರಕರಣದಲ್ಲಿ ನ್ಯಾಯಾಲಯ ಒಬ್ಬರ ಪರವಾಗಿ ತೀರ್ಪು ಕೊಟ್ಟರೆ, ಅದೇ ಸ್ಥಿತಿಯಲ್ಲಿರುವ ಉಳಿದವರಿಗೂ ಕಾಲೇಜು ಶಿಕ್ಷಣ ಇಲಾಖೆ ತಾನಾಗಿಯೇ ಅದನ್ನು ಅನ್ವಯಿಸಬೇಕು ಎಂಬುದು ನನ್ನ ಖಚಿತ ಅಭಿಪ್ರಾಯ. ಈಗ ಹಾಗೆ ನಡೆಯುತ್ತಿಲ್ಲ. ತೀರ್ಪಿನ ಬೆನ್ನಿಗೇ ಹೊರಡುವ ಆದೇಶದ ಕೊನೆಯಲ್ಲಿ, ಇದು ಅರ್ಜಿದಾರರಿಗೆ ಮಾತ್ರ ಅನ್ವಯಿಸತಕ್ಕದ್ದು, ಪೂರ್ವನಿದರ್ಶನವಾಗಿ ಪರಿಗಣಿಸತಕ್ಕದ್ದಲ್ಲ ಎಂಬ ಸಾಲು ಸೇರಿಕೊಳ್ಳುತ್ತದೆ. ಆ ಒಂದು ಸಾಲಿನಿಂದಾಗಿ ಮಲೆನಾಡಿನ ಕಾಲೇಜುಗಳಲ್ಲಿ ಒಟ್ಟಿಗೆ ಸೇವೆಗೆ ಸೇರಿದವರು ಬೇರೆ ಬೇರೆ ವೇತನ ಪಡೆಯುತ್ತಿದ್ದಾರೆ.

ನಾನು ಪಾಠ ಮಾಡುತ್ತಿದ್ದ ಅನುದಾನಿತ ಕಾಲೇಜಿನ ಇಬ್ಬರು ಸಹೋದ್ಯೋಗಿಗಳ ಸೇವಾ ವಹಿಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡಿದ್ದೇನೆ. ಮೊಕದ್ದಮೆ ಹೂಡಿದವರ ವಹಿಯಲ್ಲಿ ಅವರು ಅರ್ಹತೆ ಪಡೆದ ದಿನಾಂಕದಿಂದಲೇ ಸ್ಥಾನೀಕರಣವೆಂದು ಕೆಂಪು ಶಾಯಿಯಲ್ಲಿ ನಮೂದಾಗಿ, ಕೆಳಗೆ ಸಹಿ, ಮೊಹರು ಬಿದ್ದಿವೆ. ಇನ್ನೊಬ್ಬರ ವಹಿಯಲ್ಲಿ ಅದೇ ದಿನಾಂಕವನ್ನು ಯಾರೋ ಪೆನ್ಸಿಲಿನಲ್ಲಿ ಬರೆದು, ಪಕ್ಕದಲ್ಲಿ ಪ್ರಶ್ನಾರ್ಥಕ ಚಿಹ್ನೆ ಹಾಕಿ ಬಿಟ್ಟಿದ್ದಾರೆ. ಅವರಿಗೆ ಆಯ್ಕೆ ಸಮಿತಿ ಸಭೆ ಸೇರಿದ ದಿನದಿಂದ ಮಾತ್ರ ಲಾಭ ದೊರೆತಿದೆ. ಈ ಬಗ್ಗೆ ವಿಚಾರಿಸಿದಾಗ ಕಡತ ನೋಡುವವರು, "ಸಾರ್, ಆ ತೀರ್ಪು ಅವರಿಗಷ್ಟೇ. ನೀವೂ ಒಂದು ಕೇಸ್ ಹಾಕಿ ಆದೇಶ ತನ್ನಿ, ನಾವೇ ಮಾಡಿಕೊಡ್ತೀವಿ" ಎಂದು ಸೌಜನ್ಯದಿಂದಲೇ ಹೇಳಿದರು. ಬೇಡಿಕೆ ನ್ಯಾಯವಾದದ್ದೆಂದು ಅವರೇ ಒಪ್ಪಿಕೊಂಡ ಮೇಲೂ ಆ ಸಹೋದ್ಯೋಗಿ ಕೋರ್ಟಿನ ಮೆಟ್ಟಿಲು ಹತ್ತಲೇಬೇಕಾಯಿತು.

ದಿನಾಂಕಕ್ಕೆ ಇಷ್ಟೊಂದು ಬೆಲೆ ಏಕೆಂಬುದು ಹೊರಗಿನವರಿಗೆ ತಿಳಿಯಲಾರದು. ವಿಶ್ವವಿದ್ಯಾಲಯ ಧನಸಹಾಯ ಆಯೋಗದ (ಯುಜಿಸಿ) 2010ರ ನಿಯಮಾವಳಿಯ ಪ್ರಕಾರ 6000 ರೂಪಾಯಿ ಎಜಿಪಿಯಿಂದ (ಶೈಕ್ಷಣಿಕ ದರ್ಜೆ ವೇತನ) 7000ಕ್ಕೆ ಏರಲು ಪಿಎಚ್.ಡಿ. ಇದ್ದವರಿಗೆ 4 ವರ್ಷ, ಎಂ.ಫಿಲ್. ಇದ್ದವರಿಗೆ 5 ವರ್ಷ, ಎರಡೂ ಇಲ್ಲದವರಿಗೆ 6 ವರ್ಷದ ಸೇವೆ ಬೇಕಿತ್ತು. ಅಲ್ಲಿಂದ 8000ಕ್ಕೆ 5 ವರ್ಷ, ಮತ್ತೆ 3 ವರ್ಷದ ನಂತರ 9000, ಅಂದರೆ ಸಹ ಪ್ರಾಧ್ಯಾಪಕ ಹುದ್ದೆ. ಒಂದು ಮೆಟ್ಟಿಲು ತಡವಾದರೆ ಮುಂದಿನವೆಲ್ಲ ತಡವಾಗುತ್ತವೆ. ಪರಿಷ್ಕೃತ ಶ್ರೇಣಿಯಲ್ಲಿ ಹಿಂದಿನ 8000ಕ್ಕೆ ಸಮನಾದ 12ನೇ ಹಂತದ ಆರಂಭಿಕ ಮೂಲವೇತನ 79,800 ರೂಪಾಯಿ, 9000ಕ್ಕೆ ಸಮನಾದ 13-ಎ ಹಂತದ್ದು 1,31,400 ರೂಪಾಯಿ. ಜೊತೆಗೆ 2018ರ ನಿಯಮಾವಳಿ ಈ ಕೊನೆಯ ಏರಿಕೆಗೆ ಪಿಎಚ್.ಡಿ. ಕಡ್ಡಾಯ ಮಾಡಿದ್ದರಿಂದ, ಯಾರ ಅರ್ಹತಾ ದಿನಾಂಕ ಯಾವ ನಿಯಮಾವಳಿಯ ಅವಧಿಗೆ ಬೀಳುತ್ತದೆ ಎಂಬುದೇ ಕೆಲವರ ಇಡೀ ವೃತ್ತಿಜೀವನವನ್ನು ನಿರ್ಧರಿಸಿಬಿಡುತ್ತದೆ.

ದಿನಾಂಕ ಮುಂದೆ ಹೋಗುವುದಕ್ಕೆ ಹೆಚ್ಚಿನ ಸಂದರ್ಭಗಳಲ್ಲಿ ಉಪನ್ಯಾಸಕರು ಕಾರಣರಲ್ಲ. ಓರಿಯಂಟೇಷನ್ ಮತ್ತು ರಿಫ್ರೆಶರ್ ಎಂಬ ತರಬೇತಿ ಕೋರ್ಸ್‌ಗಳನ್ನು ಮುಗಿಸಿರಬೇಕೆಂಬ ಷರತ್ತನ್ನೇ ನೋಡಿ. ಹೊಸನಗರ, ತೀರ್ಥಹಳ್ಳಿ, ಸೊರಬದಂತಹ ಊರುಗಳಲ್ಲಿ ಒಂದು ವಿಷಯಕ್ಕೆ ಒಬ್ಬರೇ ಉಪನ್ಯಾಸಕರಿದ್ದರೆ, ಅವರು ವಾರಗಟ್ಟಲೆ ಕೋರ್ಸಿಗೆ ಹೋದಾಗ ತರಗತಿ ನಡೆಸುವವರು ಯಾರೂ ಇರುವುದಿಲ್ಲ. ಹಾಗಾಗಿ ಪ್ರಾಂಶುಪಾಲರು ಬಿಡುಗಡೆ ಮಾಡಲು ಹಿಂಜರಿಯುತ್ತಾರೆ. ವಿದ್ಯಾರ್ಥಿಗಳ ಮುಖ ನೋಡಿ ಊರಿನಲ್ಲೇ ಉಳಿದವರಿಗೆ ಮುಂದೆ 'ಕೋರ್ಸ್ ತಡವಾಗಿ ಮುಗಿಸಿದ್ದೀರಿ' ಎಂಬ ಹಿಂಬರಹ, ಅಂದರೆ ಇಲಾಖೆಯ ಲಿಖಿತ ಉತ್ತರ, ಬರುತ್ತದೆ. ಈ ಕೋರ್ಸ್‌ಗಳ ಗಡುವನ್ನು ಯುಜಿಸಿಯೇ ವಿಸ್ತರಿಸಿದ್ದುಂಟು ಎಂಬುದನ್ನು ಆ ಹಿಂಬರಹ ಲೆಕ್ಕಕ್ಕೇ ತೆಗೆದುಕೊಳ್ಳುವುದಿಲ್ಲ.

ಕಾನೂನು ಈ ವಿಷಯದಲ್ಲಿ ಅಸ್ಪಷ್ಟವಾಗಿಲ್ಲ. ಉತ್ತರಪ್ರದೇಶ ಸರ್ಕಾರ ಮತ್ತು ಅರವಿಂದ ಕುಮಾರ್ ಶ್ರೀವಾಸ್ತವ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2014ರಲ್ಲಿ, ಕೆಲವು ನೌಕರರಿಗೆ ದೊರೆತ ಪರಿಹಾರವನ್ನು ಸಮಾನ ಸ್ಥಿತಿಯಲ್ಲಿರುವ ಇತರರಿಗೂ ಕೊಡುವುದೇ ಸಾಮಾನ್ಯ ನಿಯಮ, ಕೊಡದಿದ್ದರೆ ಅದು ಸಮಾನತೆಯ ಹಕ್ಕು ನೀಡುವ ಸಂವಿಧಾನದ 14ನೇ ವಿಧಿಯ ಉಲ್ಲಂಘನೆ ಎಂದು ಹೇಳಿದೆ. ವರ್ಷಗಟ್ಟಲೆ ಸುಮ್ಮನಿದ್ದು, ಬೇರೆಯವರು ಗೆದ್ದ ಮೇಲೆ ಎಚ್ಚೆತ್ತವರಿಗೆ ಇದು ಅನ್ವಯಿಸದಿರಬಹುದೆಂದೂ ಅದೇ ತೀರ್ಪು ಹೇಳಿದೆ. ಇಲಾಖೆಗಳು ಈ ವಿನಾಯಿತಿಯನ್ನೇ ನಿಯಮವಾಗಿಸಿಕೊಂಡಿರುವುದು ನನಗೆ ನೋವು ತರುವ ಸಂಗತಿ. ಮನವಿಯ ಮೇಲೆ ಮನವಿ ಕೊಡುತ್ತ, ಸ್ವೀಕೃತಿ ಪತ್ರಗಳನ್ನು ಜೋಪಾನವಾಗಿಟ್ಟುಕೊಂಡು ಕಾದವರನ್ನು ನಿದ್ರಿಸುತ್ತಿದ್ದವರೆಂದು ಕರೆಯುವುದು ತಪ್ಪು.

ಹೀಗೆ ಕಾಯುವುದಕ್ಕೂ ದಂಡ ತೆರಬೇಕಾಗುತ್ತದೆ. ತರ್ಸೇಮ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಕೊಟ್ಟ 2008ರ ತೀರ್ಪಿನ ನಂತರ, ತಪ್ಪು ವೇತನ ನಿಗದಿಯಂತಹ ಮುಂದುವರಿಯುವ ಅನ್ಯಾಯದಲ್ಲೂ ಹಿಂಬಾಕಿಯನ್ನು ಸಾಮಾನ್ಯವಾಗಿ ಅರ್ಜಿ ಸಲ್ಲಿಸಿದ ದಿನದಿಂದ ಹಿಂದಿನ 3 ವರ್ಷಗಳಿಗೆ ಸೀಮಿತಗೊಳಿಸಲಾಗುತ್ತದೆ. ಇಲಾಖೆಯನ್ನು ನಂಬಿ ಕೂತವರು ಅದಕ್ಕೂ ಹಿಂದಿನ ಹಣವನ್ನು ಮರೆಯಬೇಕು. ನಮ್ಮ ಜಿಲ್ಲೆಯವರಿಗೆ ದೂರದ ಕಷ್ಟವೂ ಇದೆ. ಸರ್ಕಾರಿ ಕಾಲೇಜಿನವರು ಆಡಳಿತ ನ್ಯಾಯಮಂಡಳಿಗೆ, ಅನುದಾನಿತ ಕಾಲೇಜಿನವರು ಹೈಕೋರ್ಟಿಗೆ ಹೋಗಬೇಕು. ಸೊರಬಕ್ಕೆ ಧಾರವಾಡದ ಪೀಠ ಎಷ್ಟೋ ಹತ್ತಿರವಾದರೂ ಶಿವಮೊಗ್ಗ ಜಿಲ್ಲೆ ಬೆಂಗಳೂರಿನ ಪ್ರಧಾನ ಪೀಠಕ್ಕೆ ಸೇರಿದೆ. ರಜೆ ಹಾಕಿ, ತಾಳಗುಪ್ಪದಿಂದ ಬರುವ ರಾತ್ರಿ ರೈಲು ಹಿಡಿದು ಹೋದವರು 'ಮುಂದೂಡಲಾಗಿದೆ' ಎಂಬ ಮಾತು ಕೇಳಿ ಹಿಂದಿರುಗುತ್ತಾರೆ.

ಆರ್ಥಿಕ ಹೊರೆಯ ವಾದವನ್ನು ನಾನು ಕಡೆಗಣಿಸುವುದಿಲ್ಲ. ಆದರೆ ಲೆಕ್ಕಪರಿಶೋಧನೆಯಲ್ಲಿ ಹೆಚ್ಚುವರಿ ಪಾವತಿಯ ಆಕ್ಷೇಪಣೆ ಬಂದಾಗ ಇಲಾಖೆ ಯಾವ ನ್ಯಾಯಾಲಯದ ಆದೇಶಕ್ಕೂ ಕಾಯದೆ ಎಲ್ಲರಿಂದಲೂ ವಸೂಲಾತಿಗೆ ಹೊರಡುತ್ತದೆ. ನಿವೃತ್ತರಿಂದ ಹೀಗೆ ವಸೂಲು ಮಾಡಬಾರದೆಂದು ಸುಪ್ರೀಂ ಕೋರ್ಟ್ 2014ರ ರಫೀಕ್ ಮಸೀಹ್ ಪ್ರಕರಣದಲ್ಲಿ ಹೇಳಬೇಕಾಯಿತು. ಪಡೆಯುವಾಗ ಎಲ್ಲರೂ ಸಮಾನರು, ಕೊಡುವಾಗ ಅರ್ಜಿದಾರರು ಮಾತ್ರ ಎಂಬ ನೀತಿಯನ್ನು ಯಾವ ಸರ್ಕಾರವೂ ಸಮರ್ಥಿಸಿಕೊಳ್ಳಲಾರದು.

ನನ್ನ ಒತ್ತಾಯ ಇಷ್ಟೇ. ಅಂತಿಮಗೊಂಡ ತೀರ್ಪುಗಳನ್ನು ವಿಷಯವಾರು ವಿಂಗಡಿಸಿ, ಅವುಗಳ ವ್ಯಾಪ್ತಿಗೆ ಬರುವ ಎಲ್ಲ ಉಪನ್ಯಾಸಕರಿಗೂ ಅನ್ವಯಿಸುವಂತೆ ಒಂದೇ ಸುತ್ತೋಲೆ ಹೊರಡಿಸಬೇಕು. ಹಳೆಯ ಪಿಂಚಣಿ ಯೋಜನೆಯವರಿಗೆ ಕೊನೆಯ ವೇತನವನ್ನು ಆಧರಿಸಿಯೇ ಪಿಂಚಣಿ ನಿಗದಿಯಾಗುವುದರಿಂದ, ನಿವೃತ್ತಿಗೆ ಹತ್ತಿರವಿರುವವರ ಕಡತಗಳನ್ನು ಎಲ್ಲಕ್ಕಿಂತ ಮೊದಲು ಕೈಗೆತ್ತಿಕೊಳ್ಳಬೇಕು.